ಒಂದು ಪೌಂಡಿನ ನೋಟು: ಬೋಮಾಂಟ್ ಮಕ್ಕಳ ಕಣ್ಮರೆಯನ್ನು ಕುರಿತು

1966ರ ಜನವರಿ 26, ಬುಧವಾರ. ಆಸ್ಟ್ರೇಲಿಯಾದ ಅಡಿಲೇಡ್ ನಗರದ ಸಾಮರ್ಟನ್ ಪಾರ್ಕ್ ಬಡಾವಣೆಯಲ್ಲಿ ನ್ಯಾನ್ಸಿ ಬೋಮಾಂಟ್ ಎಂಬ ತಾಯಿ ತಮ್ಮ ಮೂವರು ಮಕ್ಕಳನ್ನು ಸಮುದ್ರತೀರಕ್ಕೆ ಕಳುಹಿಸುವ ಮುನ್ನ ಎಂಟು ಶಿಲ್ಲಿಂಗ್ ಆರು ಪೆನ್ಸ್ ಚಿಲ್ಲರೆ ಕೊಟ್ಟರು. ಬಸ್ಸಿನಲ್ಲಿ ಹೋಗಿ ಬರುವುದಕ್ಕೂ, ಅಲ್ಲಿ ಏನಾದರೂ ಕೊಂಡು ತಿನ್ನುವುದಕ್ಕೂ ಅಷ್ಟು ಹಣ ಸಾಕಾಗಿತ್ತು. ಹಿರಿಯವಳು ಜೇನ್, ವಯಸ್ಸು 9. ಎರಡನೆಯವಳು ಆರ್ನಾ, 7. ಕಿರಿಯವನು ಗ್ರಾಂಟ್, 4. ಆ ಮೂವರು ಮತ್ತೆ ಮನೆಗೆ ಬರಲಿಲ್ಲ. ಅವರಿಗೆ ಏನಾಯಿತೆಂಬುದು ಇಂದಿಗೂ ಗೊತ್ತಾಗಿಲ್ಲ.

ಇಂದಿನ ಉಪನ್ಯಾಸವನ್ನು ನಾನು ಈ ಚಿಲ್ಲರೆ ಹಣದಿಂದಲೇ ಆರಂಭಿಸುವುದಕ್ಕೆ ಕಾರಣವಿದೆ. ಈ ಪ್ರಕರಣದ ಬಗ್ಗೆ ಬಂದಿರುವ ಬರಹಗಳಲ್ಲಿ ಬಹುಪಾಲು ಶಂಕಿತರ ಮುಖಗಳಿಂದ ಆರಂಭವಾಗುತ್ತವೆ, ಅವರ ಸುತ್ತಲೇ ಸುತ್ತುತ್ತವೆ, ಕೊನೆಗೆ ಯಾವುದೋ ಒಂದು ಹೆಸರಿನ ಮೇಲೆ ಬೆರಳಿಟ್ಟು ಮುಗಿಯುತ್ತವೆ. ಆದರೆ ಆ ದಿನದ ಬಗ್ಗೆ ನಮಗೆ ನಿಜವಾಗಿ ತಿಳಿದಿರುವುದು ಸುಮಾರು ಎರಡು ಗಂಟೆಗಳಷ್ಟು ಕಾಲದ ಸಂಗತಿ ಮಾತ್ರ. ಅದೂ ದಾರಿಹೋಕರು ಮತ್ತು ಅಂಗಡಿಯವರು ಕಂಡದ್ದಷ್ಟೇ. ಉಳಿದದ್ದೆಲ್ಲ ಆಮೇಲೆ ಬೆಳೆದದ್ದು. ಕಂಡದ್ದನ್ನೂ ಬೆಳೆದದ್ದನ್ನೂ ಬೇರ್ಪಡಿಸಿ ನೋಡಲು ಸಾಧ್ಯವೇ ಎಂಬುದೇ ನನ್ನ ಇಂದಿನ ಪ್ರಶ್ನೆ.

ಮೊದಲು ಆ ಬೆಳಗಿನ ಮಾತು. ಅದು ಆಸ್ಟ್ರೇಲಿಯಾ ದಿನ, ದಕ್ಷಿಣ ಗೋಳಾರ್ಧದ ಕಡುಬೇಸಿಗೆ. ಮಕ್ಕಳಿಗೆ ಶಾಲೆಯ ರಜೆ. ತಂದೆ ಜಿಮ್ ಬೋಮಾಂಟ್ ಮಾರಾಟ ಪ್ರತಿನಿಧಿಯ ಕೆಲಸದ ಮೇಲೆ ಊರಿನಿಂದ ಹೊರಗಿದ್ದರು. ಗ್ಲೆನೆಲ್ಗ್ ಕಡಲತೀರ ಮನೆಯಿಂದ ಸುಮಾರು 3 ಕಿಲೋಮೀಟರ್, ಬಸ್ಸಿನಲ್ಲಿ ಐದು ನಿಮಿಷದ ದಾರಿ. ಮಕ್ಕಳು ಅಲ್ಲಿಗೆ ಹೊಸಬರಲ್ಲ, ತಾವಾಗಿಯೇ ಹಿಂದೆಯೂ ಹೋಗಿ ಬಂದವರು. ಮಧ್ಯಾಹ್ನ ಹನ್ನೆರಡರ ಬಸ್ಸಿಗೆ ಹಿಂದಿರುಗಬೇಕೆಂದು ಮಾತಾಗಿತ್ತು. ಜೇನ್ ತಂಗಿಯನ್ನೂ ತಮ್ಮನನ್ನೂ ನೋಡಿಕೊಳ್ಳಬಲ್ಲ ಹುಡುಗಿ ಎಂಬ ನಂಬಿಕೆ ಮನೆಯವರಿಗಿತ್ತು. ಅವಳು ಓದಲೆಂದು ಒಂದು ಕಥೆಯ ಪುಸ್ತಕವನ್ನೂ ಜೊತೆಗೆ ಒಯ್ದಿದ್ದಳು. ಇಷ್ಟು ಚಿಕ್ಕ ಮಕ್ಕಳನ್ನು ಒಂಟಿಯಾಗಿ ಕಳುಹಿಸಿದ್ದು ಹೇಗೆ ಎಂದು ಇಂದು ಕೇಳುವವರಿದ್ದಾರೆ. ಆ ಕಾಲದ ಅಡಿಲೇಡಿನಲ್ಲಿ ಆ ಪ್ರಶ್ನೆಯೇ ಹುಟ್ಟುತ್ತಿರಲಿಲ್ಲ. ಅಕ್ಕಪಕ್ಕದ ಮನೆಗಳ ಮಕ್ಕಳೂ ಹಾಗೆಯೇ ಓಡಾಡುತ್ತಿದ್ದರು. ಇಂದಿನ ಭಯವನ್ನು ಅಂದಿನ ತಾಯಿಯ ತಲೆಗೆ ಕಟ್ಟುವುದು ನ್ಯಾಯವಲ್ಲವೆಂದು ನಾನು ಒತ್ತಿ ಹೇಳಲು ಬಯಸುತ್ತೇನೆ, ಏಕೆಂದರೆ ಆ ಭಯ ಹುಟ್ಟಿದ್ದೇ ಬಹುಮಟ್ಟಿಗೆ ಈ ಮಕ್ಕಳ ಕಣ್ಮರೆಯಿಂದ.

ಹನ್ನೆರಡರ ಬಸ್ಸಿನಲ್ಲಿ ಮಕ್ಕಳು ಬರಲಿಲ್ಲ. ಬಸ್ಸು ತಪ್ಪಿರಬಹುದು, ಮುಂದಿನದಕ್ಕೆ ಬರುತ್ತಾರೆ ಎಂದು ತಾಯಿ ಕಾದರು. ಮುಂದಿನದರಲ್ಲಿಯೂ ಬರಲಿಲ್ಲ. ಮಧ್ಯಾಹ್ನ ತಂದೆ ಊರಿಗೆ ಹಿಂದಿರುಗಿ, ಕಾರಿನಲ್ಲಿ ತೀರಕ್ಕೆ ಹೋಗಿ ಹುಡುಕಿದರು. ಸಿಗದಿದ್ದಾಗ ಗಂಡಹೆಂಡಿರಿಬ್ಬರೂ ಬೀದಿಬೀದಿ ತಿರುಗಿದರು, ಪರಿಚಿತರ ಮನೆಗಳನ್ನು ವಿಚಾರಿಸಿದರು. ಸಂಜೆಯ ಹೊತ್ತಿಗೆ ಪೊಲೀಸರಿಗೆ ದೂರು ಹೋಯಿತು. ಮಕ್ಕಳು ನೀರಿನಲ್ಲಿ ಮುಳುಗಿರಬಹುದೆಂಬ ಶಂಕೆ ಸಹಜವಾಗಿಯೇ ಮೊದಲು ಬಂತು. ಆದರೆ ಮುಳುಗಿದವರ ಬಟ್ಟೆ, ಟವೆಲು, ಚೀಲಗಳು ದಂಡೆಯ ಮೇಲೆ ಉಳಿಯಬೇಕಲ್ಲವೇ? ಮಕ್ಕಳು ಒಯ್ದಿದ್ದ ಬಟ್ಟೆಬರೆ, ವಸ್ತುಗಳೆಲ್ಲ ಸೇರಿ 17 ಇದ್ದವು. ಅವುಗಳಲ್ಲಿ ಒಂದೂ ಎಲ್ಲಿಯೂ ಸಿಗಲಿಲ್ಲ, ಆ ದಿನವೂ ಇಲ್ಲ, ಆಮೇಲೂ ಇಲ್ಲ. ಅವರು ತಮ್ಮ ಸಾಮಾನುಗಳನ್ನೆಲ್ಲ ಎತ್ತಿಕೊಂಡು, ಬಟ್ಟೆ ತೊಟ್ಟು, ನಡೆದು ಹೋಗಿದ್ದಾರೆಂಬುದು ಹೀಗೆ ಬೇಗನೆ ಖಚಿತವಾಯಿತು.

ಯಾರೊಡನೆ ಎಂಬುದಕ್ಕೆ ಸಾಕ್ಷಿಗಳು ಸಿಕ್ಕರು. ತೀರಕ್ಕೆ ಹೊಂದಿಕೊಂಡ ಕಾಲಿ ರಿಸರ್ವ್ ಎಂಬ ಹುಲ್ಲಿನ ಮೈದಾನದಲ್ಲಿ, ಹನ್ನೊಂದರ ಸುಮಾರಿಗೆ, ಈ ಮೂವರು ಒಬ್ಬ ಗಂಡಸಿನೊಡನೆ ಆಡುತ್ತಿದ್ದುದನ್ನು ಕಂಡವರಿದ್ದರು. ಎತ್ತರದ ಮೈಕಟ್ಟು, ತೆಳ್ಳನೆಯ ಮುಖ, ಹೊಂಬಣ್ಣದ ಕೂದಲು, ಬಿಸಿಲಿಗೆ ಕಂದಿದ ಮೈ, ಮೂವತ್ತೈದರ ಆಸುಪಾಸಿನ ವಯಸ್ಸು, ಈಜುಡುಗೆ: ಇಷ್ಟು ಅವರ ವರ್ಣನೆ. ಮಕ್ಕಳು ಹೆದರಿದಂತೆ ಕಾಣಲಿಲ್ಲ, ನಗುತ್ತಿದ್ದರು. ಸ್ವಲ್ಪ ಹೊತ್ತಿನ ಮೇಲೆ ಆ ಮನುಷ್ಯ ಹತ್ತಿರ ಕುಳಿತಿದ್ದವರ ಬಳಿಗೆ ಬಂದು, ತಮ್ಮ ಸಾಮಾನುಗಳ ಹತ್ತಿರ ಯಾರಾದರೂ ಸುಳಿದದ್ದನ್ನು ಕಂಡಿರಾ, ಹಣ ಕಾಣೆಯಾಗಿದೆ ಎಂದು ವಿಚಾರಿಸಿದ. ಅನಂತರ ಮಕ್ಕಳಿಗೆ ಬಟ್ಟೆ ತೊಡಿಸಲು ನೆರವಾದ. ಮನೆಯವರಿಗೆ ಈ ಕೊನೆಯ ಮಾತು ಅರ್ಥವಾಗಲಿಲ್ಲ, ಏಕೆಂದರೆ ಜೇನ್ ನಾಚಿಕೆಯ ಹುಡುಗಿ. ಅಪರಿಚಿತನೊಬ್ಬನಿಗೆ ಅವಳು ಅಷ್ಟು ಹತ್ತಿರ ಬರಗೊಡುವವಳಲ್ಲ.

ಹನ್ನೆರಡಕ್ಕೆ ಸ್ವಲ್ಪ ಮುಂಚೆ ಮಕ್ಕಳು ಹತ್ತಿರದ ಬೇಕರಿಗೆ ಬಂದು ಪೇಸ್ಟಿಗಳನ್ನೂ ಒಂದು ಮಾಂಸದ ಪೈಯನ್ನೂ ಕೊಂಡರು. ಅಂಗಡಿಯವರಿಗೆ ಆ ಮಕ್ಕಳ ಗುರುತಿತ್ತು. ಅವರು ಎಂದೂ ಮಾಂಸದ ಪೈ ಕೊಂಡವರಲ್ಲ. ಜೊತೆಗೆ, ಅವರು ಆ ದಿನ ಕೊಟ್ಟದ್ದು ಒಂದು ಪೌಂಡಿನ ನೋಟು.

ಈ ನೋಟಿನ ಮೇಲೆ ನಾನು ಸ್ವಲ್ಪ ಹೆಚ್ಚು ಹೊತ್ತು ನಿಲ್ಲುತ್ತೇನೆ. ಆಗಿನ ಲೆಕ್ಕದಲ್ಲಿ ಒಂದು ಪೌಂಡಿಗೆ 20 ಶಿಲ್ಲಿಂಗ್. ತಾಯಿ ಕೊಟ್ಟದ್ದು ಎಂಟೂವರೆ ಶಿಲ್ಲಿಂಗ್, ಅದೂ ನಾಣ್ಯಗಳಲ್ಲಿ. ಅಂದರೆ ಆ ನೋಟು ಮನೆಯಿಂದ ಬಂದದ್ದಲ್ಲ, ಬರಲು ಸಾಧ್ಯವೂ ಇರಲಿಲ್ಲ, ಯಾರೋ ಕೊಟ್ಟದ್ದು. ಉಳಿದ ಸಾಕ್ಷ್ಯವೆಲ್ಲ ಒಬ್ಬ ಅಪರಿಚಿತನ ಮುಖವನ್ನು ನೆನಪಿಟ್ಟುಕೊಳ್ಳುವುದರ ಮೇಲೆ ನಿಂತಿದೆ, ಇದೊಂದು ಮಾತ್ರ ಒಂದು ವಸ್ತುವಿನ ಮೇಲೆ ನಿಂತಿದೆ. ಕೂದಲಿನ ಬಣ್ಣ ಹೊಂಬಣ್ಣವೋ ತಿಳಿಗಂದೋ ಎಂದು ಇಬ್ಬರು ಸಾಕ್ಷಿಗಳು ವಾದಿಸಬಹುದು. ಚಿಲ್ಲರೆ ಕಾಸಿನ ಗಿರಾಕಿಗಳಾದ ಮಕ್ಕಳು ನೋಟು ಚಾಚಿದಾಗ ಅಂಗಡಿಯವರು ಗಮನಿಸುವುದು ಬೇರೆ ಬಗೆಯ ಗಮನ, ಅದು ಅವರ ದಿನನಿತ್ಯದ ಕೆಲಸದ ಭಾಗ.

ಈಗ ಆ ಮನುಷ್ಯನ ಮಾತನ್ನು ಈ ನೋಟಿನ ಪಕ್ಕದಲ್ಲಿಟ್ಟು ನೋಡಿ. ಹಣ ಕಳುವಾಗಿದೆ ಎಂದು ಅವನೇ ಸುತ್ತಲಿನವರಿಗೆ ಹೇಳಿದ್ದಾನೆ. ಮಕ್ಕಳ ಬಸ್ಸಿನ ಕಾಸು ಹೋಗಿದ್ದರೆ ಅವರಿಗೆ ಮನೆಗೆ ಹೋಗುವ ದಾರಿಯೇ ಕಟ್ಟಿದಂತೆ. ಆಗ ಜೊತೆಯಲ್ಲಿ ಆಡುತ್ತಿದ್ದ ದೊಡ್ಡವನು ನೋಟು ತೆಗೆದು ಕೊಟ್ಟರೆ, ಊಟ ಕೊಂಡು ಬನ್ನಿ, ನಾನು ಮನೆಗೆ ತಲುಪಿಸುತ್ತೇನೆ ಎಂದರೆ, ಒಂಬತ್ತು ವರ್ಷದ ಜವಾಬ್ದಾರಿಯುತ ಹುಡುಗಿ ಏನು ಮಾಡಿಯಾಳು? ಚಿಲ್ಲರೆಯನ್ನು ಕದ್ದವನೂ ನೋಟನ್ನು ಕೊಟ್ಟವನೂ ಒಬ್ಬನೇ ಇರಬಹುದೆಂಬ ಅನುಮಾನ ಅನೇಕರಿಗೆ ಬಂದಿದೆ. ನನಗೂ ಅದೇ ಸರಿಯೆನಿಸುತ್ತದೆ. ಇದು ಊಹೆ ಎಂಬುದನ್ನು ನಾನು ಮರೆಮಾಚುವುದಿಲ್ಲ. ಆದರೆ ಇದು ಎರಡು ಗಟ್ಟಿ ಸಂಗತಿಗಳ ನಡುವೆ ಹಾಕಿದ ಒಂದೇ ಒಂದು ಗಂಟು. ಆಮೇಲೆ ಬಂದ ಎಷ್ಟೋ ಸಿದ್ಧಾಂತಗಳು ಗಾಳಿಯಲ್ಲಿ ಗಂಟು ಹಾಕಿದಂಥವು. ಬಲವಂತವಿಲ್ಲದೆ, ಕೂಗಾಟವಿಲ್ಲದೆ, ಜನ ತುಂಬಿದ ತೀರದ ನಟ್ಟನಡುವಿನಿಂದ ಮೂವರು ಮಕ್ಕಳು ಹೊರಟು ಹೋದದ್ದು ಹೇಗೆ ಎಂಬ ದೊಡ್ಡ ಒಗಟು, ಈ ಸಣ್ಣ ಲೆಕ್ಕದ ಮುಂದೆ ಅಷ್ಟು ದೊಡ್ಡದಾಗಿ ಉಳಿಯುವುದಿಲ್ಲ.

ಇದಕ್ಕೆ ಇನ್ನೊಂದು ಮಾತು ಸೇರುತ್ತದೆ. ಆ ದಿನಕ್ಕೆ ಮುಂಚೆ ಯಾವಾಗಲೋ ಆರ್ನಾ ತಾಯಿಯೊಡನೆ, ಜೇನ್‌ಗೆ ಬೀಚಿನಲ್ಲಿ ಒಬ್ಬ ಬಾಯ್‌ಫ್ರೆಂಡ್ ಸಿಕ್ಕಿದ್ದಾನೆ ಎಂದಿದ್ದಳು. ಏಳು ವರ್ಷದ ಮಗು ಅಕ್ಕನನ್ನು ರೇಗಿಸುತ್ತಿದೆ, ಆಟದ ಜೊತೆಗಾರ ಹುಡುಗನೊಬ್ಬನ ಮಾತು ಇರಬೇಕೆಂದು ತಾಯಿ ತಿಳಿದರು. ಯಾವ ತಾಯಿಯಾದರೂ ಹಾಗೆಯೇ ತಿಳಿಯುತ್ತಿದ್ದರು. ಆ ಮಾತಿಗೆ ಬೇರೆ ಅರ್ಥವಿದ್ದಿರಬಹುದೆಂದು ಹೊಳೆದದ್ದು ಮಕ್ಕಳು ಹೋದ ಮೇಲೆ. ಆ ಮನುಷ್ಯ ಅಂದು ಮೊದಲ ಸಲ ಎದುರಾದವನಲ್ಲ, ಮುಂಚೆಯೇ ಗೆಳೆತನ ಬೆಳೆಸಿದ್ದವನು ಎಂದಾದರೆ ಜೇನ್‌ಳ ನಾಚಿಕೆ ಕಳೆದುಹೋದದ್ದಕ್ಕೂ ಅರ್ಥ ಬರುತ್ತದೆ.

ಇನ್ನು ಸಾಕ್ಷಿಗಳ ನೆನಪಿನ ಮಾತು. ಮಕ್ಕಳನ್ನು ಚೆನ್ನಾಗಿ ಬಲ್ಲ ಒಬ್ಬ ಅಂಚೆಯವರಿದ್ದರು. ಜೆಟಿ ರಸ್ತೆಯಲ್ಲಿ ಮೂವರೂ ತಾವೇ ನಡೆದು ಹೋಗುತ್ತಿದ್ದುದನ್ನು ಕಂಡೆ, ನನ್ನನ್ನು ಮಾತನಾಡಿಸಿದರು, ಖುಷಿಯಾಗಿದ್ದರು ಎಂದು ಅವರು ಹೇಳಿದರು. ಹೊತ್ತು ಮಧ್ಯಾಹ್ನ ಮೂರರ ಸುಮಾರು ಎಂಬುದು ಅವರ ಮೊದಲ ಹೇಳಿಕೆ. ಆಮೇಲೆ ಯೋಚಿಸಿ, ಅದು ಬೆಳಿಗ್ಗೆಯೇ ಇರಬೇಕೆಂದರು. ಈ ಒಂದು ತಿದ್ದುಪಡಿಯಿಂದ ಇಡೀ ದಿನದ ನಕ್ಷೆ ಬದಲಾಗುತ್ತದೆ. ಮೂರು ಗಂಟೆಯೆಂದರೆ, ಮನೆಗೆ ಬರಬೇಕಾದ ಹೊತ್ತು ಕಳೆದು ಮೂರು ಗಂಟೆಯಾದರೂ ಮಕ್ಕಳು ಸ್ವತಂತ್ರವಾಗಿ, ನಗುನಗುತ್ತಾ ಓಡಾಡುತ್ತಿದ್ದರು. ಬೆಳಿಗ್ಗೆಯೆಂದರೆ, ಆ ನೋಟ ಎಲ್ಲಕ್ಕಿಂತ ಮೊದಲಿನದು, ಮಧ್ಯಾಹ್ನದ ಬಗ್ಗೆ ಅದು ಏನನ್ನೂ ಹೇಳುವುದಿಲ್ಲ. ಪ್ರಾಮಾಣಿಕ ಮನುಷ್ಯ, ಮಕ್ಕಳ ಗುರುತೂ ಇದ್ದವರು, ಎರಡು ದಿನಗಳಲ್ಲೇ ಹೊತ್ತಿನ ವಿಷಯದಲ್ಲಿ ಅನುಮಾನಕ್ಕೆ ಬಿದ್ದರು. ಅವರನ್ನು ದೂರಬೇಕಿಲ್ಲ. ದಿನವೂ ಒಂದೇ ಬೀದಿಯಲ್ಲಿ, ಬೆಳಿಗ್ಗೆ ಒಮ್ಮೆ ಮಧ್ಯಾಹ್ನ ಒಮ್ಮೆ ತಿರುಗುವವರಿಗೆ ಒಂದು ಸಾಧಾರಣ ಭೇಟಿಯ ಹೊತ್ತು ಯಾವುದೆಂದು ನೆನಪಿರುವುದು ಹೇಗೆ? ಅದು ಅಸಾಧಾರಣ ಭೇಟಿ ಎಂದು ಆಗ ಅವರಿಗೆ ಗೊತ್ತಿರಲಿಲ್ಲ.

ನೆನಪು ಹೀಗೆ ಜಾರುವುದರ ಬಗ್ಗೆ ಮನಶ್ಶಾಸ್ತ್ರದಲ್ಲಿ ಗಟ್ಟಿಯಾದ ಪ್ರಯೋಗಗಳು ನಡೆದದ್ದು ಇದರ ನಂತರವೇ. 1974ರಲ್ಲಿ ಎಲಿಜಬೆತ್ ಲಾಫ್ಟಸ್ ಮತ್ತು ಜಾನ್ ಪಾಮರ್ ಪ್ರಕಟಿಸಿದ ಪ್ರಯೋಗದಲ್ಲಿ ಕಾರು ಅಪಘಾತದ ಒಂದೇ ಚಿತ್ರವನ್ನು ಎಲ್ಲರಿಗೂ ತೋರಿಸಿ, ಕೆಲವರಿಗೆ ಕಾರುಗಳು ಅಪ್ಪಳಿಸಿದಾಗ ವೇಗವೆಷ್ಟಿತ್ತೆಂದೂ ಕೆಲವರಿಗೆ ಡಿಕ್ಕಿಯಾದಾಗ ಎಷ್ಟಿತ್ತೆಂದೂ ಕೇಳಿದರು. ವಾರದ ನಂತರ, ಒಡೆದ ಗಾಜನ್ನು ಕಂಡಿರಾ ಎಂಬ ಪ್ರಶ್ನೆಗೆ ಮೊದಲ ಗುಂಪಿನ 50 ಮಂದಿಯಲ್ಲಿ 16 ಮಂದಿ ಹೌದೆಂದರು, ಎರಡನೆಯ ಗುಂಪಿನ 50ರಲ್ಲಿ 7 ಮಂದಿ. ಚಿತ್ರದಲ್ಲಿ ಒಡೆದ ಗಾಜೇ ಇರಲಿಲ್ಲ. ಒಂದು ಕ್ರಿಯಾಪದಕ್ಕೆ ಇಷ್ಟು ಬಲವಿದ್ದರೆ, ಪತ್ರಿಕೆಗಳು ಮುದ್ರಿಸಿದ ಶಂಕಿತನ ರೇಖಾಚಿತ್ರಕ್ಕೆ, ರೇಡಿಯೋ ಟೆಲಿವಿಷನ್‌ಗಳಲ್ಲಿ ಮತ್ತೆ ಮತ್ತೆ ಕೇಳಿಬಂದ ವರ್ಣನೆಗೆ ಎಷ್ಟು ಬಲವಿದ್ದಿರಬೇಕು? ತಿಂಗಳುಗಳ ನಂತರ ಒಬ್ಬ ಮಹಿಳೆ, ಆ ರಾತ್ರಿ ತಮ್ಮ ನೆರೆಯ ಖಾಲಿ ಮನೆಗೆ ಒಬ್ಬ ಗಂಡಸು ಇಬ್ಬರು ಹುಡುಗಿಯರು ಮತ್ತು ಒಬ್ಬ ಹುಡುಗನೊಡನೆ ಬಂದದ್ದನ್ನು, ಆಮೇಲೆ ಒಂಟಿಯಾಗಿ ಹೊರಬಂದ ಹುಡುಗನನ್ನು ಅವನು ಹಿಡಿದುಕೊಂಡದ್ದನ್ನು ಕಂಡೆ ಎಂದು ತಿಳಿಸಿದರು. ಕೂಡಲೇ ಏಕೆ ಹೇಳಲಿಲ್ಲ ಎಂಬುದಕ್ಕೆ ಪೊಲೀಸರಿಗೆ ಉತ್ತರ ಸಿಗಲಿಲ್ಲ. ಅದು ಸುಳ್ಳೆಂದು ನಾನು ಹೇಳಲಾರೆ. ಆದರೆ ಬೇಕರಿಯ ಸಾಕ್ಷ್ಯಕ್ಕೂ ಇದಕ್ಕೂ ಒಂದೇ ತೂಕ ಕೊಟ್ಟು ಕಥೆ ಹೆಣೆಯುವವರನ್ನು ಒಪ್ಪಲಾರೆ.

ಹುಡುಕಾಟ ಭಾರಿಯಾಗಿ ನಡೆಯಿತು. ಮರಳುದಿಬ್ಬಗಳು, ಕಟ್ಟಡಗಳು, ಕರಾವಳಿಯುದ್ದಕ್ಕೂ ಇದ್ದ ಬಂಡೆಗಳ ಸಂದುಗಳು, ಎಲ್ಲವನ್ನೂ ಜಾಲಾಡಿದರು. ಮಕ್ಕಳಂತೆ ಕಂಡವರನ್ನು ಪಟವಲೊಂಗಾ ದೋಣಿನಿಲ್ದಾಣದ ಬಳಿ ನೋಡಿದೆನೆಂದು ಒಬ್ಬರು ಹೇಳಿದಾಗ, ಜನವರಿ 29ರಂದು ಅದರ ನೀರನ್ನೇ ಬರಿದು ಮಾಡಿಸಿ ತಳವನ್ನು ಶೋಧಿಸಿದರು. ಸಿಕ್ಕದ್ದು ಏನೂ ಇಲ್ಲ.

ಮನುಷ್ಯಪ್ರಯತ್ನ ಸೋತಲ್ಲಿ ಅತೀಂದ್ರಿಯದ ಮೊರೆ ಹೋಗುವುದು ಎಲ್ಲ ದೇಶಗಳಲ್ಲಿಯೂ ಇದೆ. ಅದೇ ವರ್ಷದ ನವೆಂಬರಿನಲ್ಲಿ ಗೆರಾರ್ಡ್ ಕ್ರೋಯಿಸೆಟ್ ಎಂಬ ಹಾಲೆಂಡಿನ ದಿವ್ಯದೃಷ್ಟಿಗಾರ ಅಡಿಲೇಡಿಗೆ ಬಂದರು. ದಿನಕ್ಕೊಂದು ಜಾಗ ಹೇಳಿ, ಕೊನೆಗೆ ಮನೆಯ ಹತ್ತಿರದ ಒಂದು ಗೋದಾಮಿನ ನೆಲದಡಿಯಲ್ಲಿ ಮಕ್ಕಳ ದೇಹಗಳಿವೆ ಎಂದರು. ಕಣ್ಮರೆಯ ಕಾಲಕ್ಕೆ ಅಲ್ಲಿ ಕಟ್ಟಡದ ಕೆಲಸ ನಡೆದಿತ್ತು. ಒಡೆಸಲು ಮಾಲೀಕರು ಹಿಂಜರಿದರು, ಸಾರ್ವಜನಿಕರು 40,000 ಡಾಲರ್ ಚಂದಾ ಎತ್ತಿದರು, ನೆಲವನ್ನು ಅಗೆದರು. ಒಂದು ಎಲುಬಿನ ಚೂರೂ ಒಂದು ಬಟ್ಟೆಯ ಎಳೆಯೂ ಕಾಣಲಿಲ್ಲ. ಕಥೆ ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಮೂವತ್ತು ವರ್ಷಗಳ ನಂತರ, 1996ರಲ್ಲಿ, ಆ ಕಟ್ಟಡದ ಭಾಗವನ್ನು ಕೆಡವುವ ಸಂದರ್ಭ ಬಂದಾಗ ಅದೇ ಜಾಗವನ್ನು ಮತ್ತೊಮ್ಮೆ ಅಗೆದು ನೋಡಿದರು. ಆಗಲೂ ಏನೂ ಇರಲಿಲ್ಲ. ಚಂದಾ ಕೊಟ್ಟ ಸಾವಿರಾರು ಜನರ ಒಳ್ಳೆಯತನವನ್ನು ನಾನು ಗೌರವಿಸುತ್ತೇನೆ. ಆದರೆ ಮಕ್ಕಳು ಸತ್ತಿದ್ದಾರೆಂದೂ ಇಂಥಲ್ಲಿ ಹೂತಿದ್ದಾರೆಂದೂ ಹೆತ್ತವರ ಎದುರು ಘೋಷಿಸುವ ಅಧಿಕಾರವನ್ನು ಒಬ್ಬ ಮನುಷ್ಯ ಅಷ್ಟು ಸುಲಭವಾಗಿ ಕೈಗೆತ್ತಿಕೊಂಡದ್ದು ನನ್ನನ್ನು ಇಂದಿಗೂ ನೋಯಿಸುತ್ತದೆ.

ಅದಕ್ಕಿಂತಲೂ ಕಠೋರವಾದದ್ದು ಪತ್ರಗಳ ಪ್ರಸಂಗ. ಕಣ್ಮರೆಯಾಗಿ ಎರಡು ವರ್ಷಗಳ ಮೇಲೆ ಹೆತ್ತವರಿಗೆ ವಿಕ್ಟೋರಿಯಾ ರಾಜ್ಯದ ಡ್ಯಾಂಡೆನಾಂಗ್‌ನ ಅಂಚೆಮುದ್ರೆಯಿದ್ದ ಪತ್ರಗಳು ಬಂದವು. ಜೇನ್ ಬರೆದಂತೆ ಕೆಲವು, ಮಕ್ಕಳನ್ನು ಇಟ್ಟುಕೊಂಡವನು ಬರೆದಂತೆ ಒಂದು. ಮಕ್ಕಳು ಕ್ಷೇಮವಾಗಿದ್ದಾರೆ, ಹಿಂದಿರುಗಿಸುತ್ತೇನೆ, ಇಂಥಲ್ಲಿಗೆ ಬನ್ನಿ ಎಂದಿತ್ತು. ತಂದೆತಾಯಿ ಹೋಗಿ ಕಾದರು. ಜೊತೆಯಲ್ಲಿ ವೇಷ ಮರೆಸಿಕೊಂಡ ಪತ್ತೇದಾರರೊಬ್ಬರೂ ಇದ್ದರು. ಯಾರೂ ಬರಲಿಲ್ಲ. ಆಮೇಲೆ ಬಂದ ಪತ್ರದಲ್ಲಿ, ಪೊಲೀಸನನ್ನು ಕರೆತಂದು ನಂಬಿಕೆಗೆ ದ್ರೋಹ ಮಾಡಿದಿರಿ, ಇನ್ನು ಮಕ್ಕಳನ್ನು ಕೊಡುವುದಿಲ್ಲ ಎಂಬ ಅರ್ಥದ ಮಾತಿತ್ತು. ಸುಮಾರು ಕಾಲು ಶತಮಾನದ ಕಾಲ ಆ ತಂದೆತಾಯಿ ತಮ್ಮದೇ ತಪ್ಪಿನಿಂದ ಮಕ್ಕಳು ಕೈತಪ್ಪಿದರೋ ಎಂಬ ಸಂಶಯದೊಡನೆ ಬದುಕಬೇಕಾಗಿ ಬಂದಿರಬಹುದು. 1992ರಲ್ಲಿ, ಸುಧಾರಿಸಿದ ಬೆರಳಚ್ಚು ತಂತ್ರದಿಂದ ಆ ಕಾಗದಗಳನ್ನು ಪರೀಕ್ಷಿಸಿದಾಗ ಬರೆದವನು ಸಿಕ್ಕಿದ. ಪತ್ರ ಬರೆದಾಗ ಅವನು ಹದಿಹರೆಯದ ಹುಡುಗ, ತಮಾಷೆಗೆಂದು ಬರೆದನಂತೆ. ಕಾಲ ಮೀರಿದ್ದರಿಂದ ಮೊಕದ್ದಮೆ ಹೂಡಲಾಗಲಿಲ್ಲ.

ಶಂಕಿತರ ವಿಷಯಕ್ಕೆ ಬಂದರೆ, ನಾನು ಯಾರ ಹೆಸರನ್ನೂ ಹೇಳುವುದಿಲ್ಲ. 1973ರ ಆಗಸ್ಟ್ 25ರಂದು ಅಡಿಲೇಡ್ ಓವಲ್ ಕ್ರೀಡಾಂಗಣದಿಂದ 11 ವರ್ಷದ ಮತ್ತು 4 ವರ್ಷದ ಇಬ್ಬರು ಹುಡುಗಿಯರು ಫುಟ್‌ಬಾಲ್ ಪಂದ್ಯದ ನಡುವೆ ಕಾಣೆಯಾದರು. ಆ ಪ್ರಕರಣದ ಶಂಕಿತನ ರೇಖಾಚಿತ್ರಕ್ಕೂ ಗ್ಲೆನೆಲ್ಗಿನ ಶಂಕಿತನ ರೇಖಾಚಿತ್ರಕ್ಕೂ ಹೋಲಿಕೆಯಿದೆಯೆಂದು ಜನ ಕಂಡರು. ಆ ಹುಡುಗಿಯರೂ ಸಿಕ್ಕಿಲ್ಲ. ಬೇರೆ ಬೇರೆ ಅಪರಾಧಗಳಲ್ಲಿ ಸಿಕ್ಕಿಬಿದ್ದ ಹಲವರನ್ನು ಈ ಪ್ರಕರಣಕ್ಕೂ ಜೋಡಿಸಿ ನೋಡಿದ್ದಾರೆ. ಯಾರ ಮೇಲೂ ಆರೋಪಪಟ್ಟಿ ಸಲ್ಲಿಕೆಯಾಗಿಲ್ಲ. 2013ರಲ್ಲಿ ಅಡಿಲೇಡಿನ ನಾರ್ತ್ ಪ್ಲಿಂಪ್ಟನ್ ಬಡಾವಣೆಯ ಹಳೆಯ ಕಾರ್ಖಾನೆಯೊಂದರ ಆವರಣ ಸುದ್ದಿಗೆ ಬಂತು: ಆ ದಿನಗಳಲ್ಲಿ ತಾವು ಹುಡುಗರಾಗಿದ್ದಾಗ ಕಾರ್ಖಾನೆಯ ಯಜಮಾನನ ಮಾತಿನ ಮೇಲೆ ಅಲ್ಲಿ ಗುಂಡಿ ತೋಡಿದ್ದೆವೆಂದು ಇಬ್ಬರು ಸಹೋದರರು ಹೇಳಿದ್ದರು. ಆ ವರ್ಷ ಅಗೆದರು. ಭೂಮಿಯೊಳಕ್ಕೆ ವಿದ್ಯುತ್ ಹರಿಸಿ, ಕದಡಿದ ಮಣ್ಣಿನ ಜಾಗವನ್ನು ಗುರುತಿಸುವ ವಿಧಾನದಿಂದ ಸಮೀಕ್ಷೆ ನಡೆಸಿ 2018ರ ಫೆಬ್ರವರಿಯಲ್ಲಿ ಮತ್ತೆ ಅಗೆದರು. ಸಿಕ್ಕಿದ ಮೂಳೆಗಳು ಪ್ರಾಣಿಗಳದ್ದು. 2025ರಲ್ಲಿ ಖಾಸಗಿ ಹಣದಿಂದ ಮೂರನೆಯ ಸಲ ಅಗೆದರು, ಬರಿಗೈಯಲ್ಲಿ ಹಿಂದಿರುಗಿದರು. ಅಗೆಯುವುದು ತಪ್ಪೆಂದು ನನ್ನ ವಾದವಲ್ಲ. ಹೇಳಿಕೆಯೊಂದು ಬಂದಾಗ ಪರೀಕ್ಷಿಸಲೇಬೇಕು. ಆದರೆ ಪ್ರತಿ ಸಲ ಅಗೆತ ಆರಂಭವಾದಾಗಲೂ ಕ್ಯಾಮೆರಾಗಳು ಬರುತ್ತವೆ, ಹೆಸರೊಂದು ಜಗತ್ತಿನ ಬಾಯಿಗೆ ಬೀಳುತ್ತದೆ. ಗುಂಡಿ ಮುಚ್ಚಿದ ಮೇಲೂ ಆ ಹೆಸರು ಮುಚ್ಚುವುದಿಲ್ಲ. ಸತ್ತವನು ಉತ್ತರ ಹೇಳಲಾರ, ಬದುಕಿರುವ ಅವನ ಮನೆಯವರು ಹೇಳಿದರೂ ಕೇಳುವವರಿಲ್ಲ.

ಇಷ್ಟೆಲ್ಲದರ ನಡುವೆ ಹೆತ್ತವರು ಎಲ್ಲಿದ್ದರು? ಅದೇ ಮನೆಯಲ್ಲಿ. ಕಣ್ಮರೆಯ ನಂತರ ಎಷ್ಟೋ ವರ್ಷ ಅವರು ಸಾಮರ್ಟನ್ ಪಾರ್ಕಿನ ಮನೆಯನ್ನು ಬಿಡಲಿಲ್ಲ. ಮಕ್ಕಳು ಹಿಂದಿರುಗಿ ಬಂದಾಗ ತಾವು ಅಲ್ಲಿ ಇಲ್ಲದಿದ್ದರೆ ಹೇಗೆ ಎಂಬ ಚಿಂತೆ ತಾಯಿಯದು. ದಾಂಪತ್ಯ ಆ ಭಾರವನ್ನು ತಾಳಲಿಲ್ಲ, ಇಬ್ಬರೂ ಬೇರೆಯಾದರು. 1990ರಲ್ಲಿ ಪತ್ರಿಕೆಗಳು ಅವರ ಇಚ್ಛೆಗೆ ವಿರುದ್ಧವಾಗಿ, ಮಕ್ಕಳು ಬೆಳೆದು ದೊಡ್ಡವರಾಗಿದ್ದರೆ ಹೇಗಿರುತ್ತಿದ್ದರೆಂದು ಕಂಪ್ಯೂಟರಿನಿಂದ ರಚಿಸಿದ ಚಿತ್ರಗಳನ್ನು ಅಚ್ಚು ಹಾಕಿದಾಗ ಇಬ್ಬರೂ ತಲ್ಲಣಿಸಿಹೋದರು. ನನಗೆ ಆ ತಲ್ಲಣ ಅರ್ಥವಾಗುತ್ತದೆ. ಅವರಿಗೆ ಗೊತ್ತಿದ್ದ ಮುಖಗಳು 9, 7 ಮತ್ತು 4 ವರ್ಷದವು. ಅವುಗಳ ಜಾಗಕ್ಕೆ ಯಂತ್ರ ಬರೆದ ಅಪರಿಚಿತ ಮುಖಗಳನ್ನು ತಂದು ನಿಲ್ಲಿಸಿದರೆ, ಇದ್ದ ನೆನಪಿಗೂ ಕನ್ನ ಹಾಕಿದಂತಾಗುತ್ತದೆ. ಆಮೇಲಿನ ವರ್ಷಗಳಲ್ಲಿ ಅವರು ಸಾರ್ವಜನಿಕರ ಕಣ್ಣಿನಿಂದ ದೂರ ಉಳಿದರು. ನ್ಯಾನ್ಸಿ ಬೋಮಾಂಟ್ 2019ರ ಸೆಪ್ಟೆಂಬರಿನಲ್ಲಿ 92ನೆಯ ವಯಸ್ಸಿನಲ್ಲಿಯೂ, ಜಿಮ್ ಬೋಮಾಂಟ್ 2023ರ ಏಪ್ರಿಲ್‌ನಲ್ಲಿ 97ನೆಯ ವಯಸ್ಸಿನಲ್ಲಿಯೂ ತೀರಿಕೊಂಡರು.

ಕಡತ ಇನ್ನೂ ಮುಚ್ಚಿಲ್ಲ. ಸುಳಿವು ಕೊಟ್ಟವರಿಗೆ ದಕ್ಷಿಣ ಆಸ್ಟ್ರೇಲಿಯಾ ಸರ್ಕಾರ ಹತ್ತು ಲಕ್ಷ ಡಾಲರ್ ಬಹುಮಾನ ಘೋಷಿಸಿದೆ. ಆ ಮೈದಾನದಲ್ಲಿ ಕಂಡ ಮನುಷ್ಯ ಬದುಕಿದ್ದರೆ ಈಗ ತೊಂಬತ್ತು ದಾಟಿರುತ್ತದೆ. ಬೇಕರಿಗೆ ಬಂದ ಆ ಒಂದು ಪೌಂಡಿನ ನೋಟು ಗಲ್ಲಾಪೆಟ್ಟಿಗೆಯಲ್ಲಿ ಉಳಿದ ನೋಟುಗಳ ಜೊತೆ ಸೇರಿಹೋಯಿತು. ಹತ್ತೊಂಬತ್ತು ದಿನಗಳ ನಂತರ, 1966ರ ಫೆಬ್ರವರಿ 14ರಂದು, ಆಸ್ಟ್ರೇಲಿಯಾ ಪೌಂಡು ಶಿಲ್ಲಿಂಗುಗಳನ್ನು ಬಿಟ್ಟು ಡಾಲರಿಗೆ ಬದಲಾಯಿತು, ಹಳೆಯ ನೋಟುಗಳು ಒಂದೊಂದಾಗಿ ಬ್ಯಾಂಕುಗಳಿಗೆ ಹಿಂದಿರುಗತೊಡಗಿದವು.